ಜೋಳದ ಹೊಲಕ್ಕೆ ಮಧ್ಯ ಏಷ್ಯಾದ ನೆಂಟರು

ಹೊಲವೇ ಎದ್ದು ಹಾರಿತು! ಆಳಂದ ರಸ್ತೆಯ ಎಡಕ್ಕೆ, ಹಾಲುಗಾಳು ಕಟ್ಟಿದ ಬಿಳಿಜೋಳದ ತೆನೆಗಳ ಮೇಲಿಂದ ಸಾವಿರಾರು ರೆಕ್ಕೆಗಳು ಒಮ್ಮೆಲೇ ಭರ್ರೆಂದು ಮೇಲೆದ್ದವು. ಏಳುವಾಗ ಕರ್ರಗಿದ್ದ ಗುಂಪು ಎಳೆಬಿಸಿಲಿಗೆ ಹೊರಳಿದ್ದೇ ತಡ, ಪೂರಾ ಗುಲಾಬಿ. ಮತ್ತೆ ಹೊರಳಿತು, ಕಪ್ಪು. ಮತ್ತೆ ಗುಲಾಬಿ. ಕ್ರೂಸರ್ ಗಾಡಿಯಲ್ಲಿದ್ದ ನಾವೆಲ್ಲ ಮಾತು ಮರೆತು ಕಿಟಕಿಗೆ ಮುಗಿಬಿದ್ದೆವು. ದುರ್ಬೀನು ಕೈಯಲ್ಲಿದ್ದರೂ ಅದನ್ನು ಎತ್ತಬೇಕೆಂಬ ಎಚ್ಚರ ಯಾರಿಗೂ ಇರಲಿಲ್ಲ.

ಗುಲಾಬಿ ಕಬ್ಬಕ್ಕಿ. ತಲೆ, ರೆಕ್ಕೆ, ಬಾಲ ಕಪ್ಪು. ಬೆನ್ನು ಹೊಟ್ಟೆಯೆಲ್ಲ ತಿಳಿಗುಲಾಬಿ. ಇವು ಹುಟ್ಟಿದ್ದು ಕಝಾಕಿಸ್ತಾನದ ಆಸುಪಾಸಿನ ಹುಲ್ಲುಬಯಲುಗಳಲ್ಲಿ, ಕಲ್ಲುರಾಶಿಯ ಸಂದುಗೊಂದುಗಳ ಗೂಡುಗಳಲ್ಲಿ. ಅಲ್ಲಿ ಮಿಡತೆಯ ದಂಡು ಎಲ್ಲೆಲ್ಲಿ ಇಳಿಯುತ್ತದೋ ಅಲ್ಲಲ್ಲಿ ಇವುಗಳ ಸಂಸಾರ. ಮರಿ ಬಲಿತೊಡನೆ ದಕ್ಷಿಣಕ್ಕೆ ಹೊರಟು, ನಮ್ಮಲ್ಲಿ ಮಳೆಗಾಲ ಮುಗಿಯುವ ಮೊದಲೇ ಬಂದಿಳಿದು, ಮರಳಿ ಹೋಗುವುದು ಏಪ್ರಿಲ್ ಹೊತ್ತಿಗೆ. ಎಂದರೆ ವರ್ಷದ ಹೆಚ್ಚು ಭಾಗ ಈ ಹಕ್ಕಿಗಳು ನಮ್ಮವೇ. ನಮ್ಮ ಜೋಳ ತಿಂದು, ನಮ್ಮ ಜಾಲಿಮರದಲ್ಲಿ ಮಲಗಿ, ನಮ್ಮ ಬಿಸಿಲಿಗೆ ಮೈಕಾಸಿಕೊಂಡು ಬದುಕುವಂಥವು!

ಕಲಬುರಗಿ ಜಿಲ್ಲೆಯ ಆಳಂದ, ಅಫಜಲಪುರ, ಜೇವರ್ಗಿ ಎಂದೊಡನೆ "ಅಲ್ಲೇನದ?" ಎನ್ನುವವರೇ ಹೆಚ್ಚು. ಬಿಸಿಲು, ಧೂಳು, ತೊಗರಿ ಇಷ್ಟೇ ಲೆಕ್ಕ. ಹಕ್ಕಿ ನೋಡಬೇಕೆಂದರೆ ರಂಗನತಿಟ್ಟಿಗೆ ಹೋಗಬೇಕು, ಗುಡಿ ನೋಡಬೇಕೆಂದರೆ ಪಟ್ಟದಕಲ್ಲಿಗೆ. ಆದರೆ ಎಳ್ಳಮಾವಾಸ್ಯೆ ಕಳೆದು ಸಂಕ್ರಾಂತಿ ಇನ್ನೂ ಬಾರದ ಆ ನಡುವಿನ ದಿನಗಳಲ್ಲಿ, ಈ ಸೀಮೆಯನ್ನು ಅಂಗೈಯ ಗೆರೆಯಂತೆ ಬಲ್ಲ ಒಬ್ಬ ನಿವೃತ್ತ ಶಾಲಾ ಮಾಸ್ತರರ ಬೆನ್ನುಹತ್ತಿ ಒಂದು ಹಗಲು ತಿರುಗಿ ನೋಡಿ. ಈ ಬಯಲಿನಷ್ಟು ತುಂಬಿದ ಜಾಗ ಕರ್ನಾಟಕದಲ್ಲಿ ಇನ್ನೊಂದಿದೆಯೇ ಎಂದು ನನಗೀಗ ಅನುಮಾನ.

ಮಾಸ್ತರರ ಯೋಜನೆ ಸರಳ. "ಅಮರ್ಜಾ ಹಿಡ್ಕೊಂಡು ಭೀಮಾಕ್ಕ, ಭೀಮಾ ಹಿಡ್ಕೊಂಡು ಜೇವರ್ಗಿಗೆ. ನೀರು ಹೆಂಗ ಹೋಗ್ತದ ನಾವು ಹಂಗ ಹೋಗಮು." ಹಕ್ಕಿಗಳೂ ಮನುಷ್ಯರೂ ಈ ನಾಡಿನಲ್ಲಿ ನೀರಿನ ಜಾಡು ಹಿಡಿದೇ ಬದುಕಿದವರಾದ್ದರಿಂದ, ಹಕ್ಕಿಗೊಂದು ದಾರಿ, ಗುಡಿಗೊಂದು ದಾರಿ ಎಂದು ಬೇರೆ ಮಾಡಿಕೊಳ್ಳುವ ಗೊಡವೆಯೇ ಇಲ್ಲ.

ಕಲಬುರಗಿಯಿಂದ ಕತ್ತಲಲ್ಲೇ ಹೊರಟಾಗ ಬೇವಿನ ಮರದಿಂದ ಹಾಲಕ್ಕಿ ಕಿಚಪಿಚ ನುಡಿಯುತ್ತಿತ್ತು. ಮುಷ್ಟಿಗಾತ್ರದ ಚುಕ್ಕಿಗೂಬೆ. ಬುಡಬುಡಿಕೆಯವರು ನಸುಕಿನಲ್ಲಿ ಮನೆಮುಂದೆ ನಿಂತು ಶಕುನ ಹೇಳುವುದು ಈ ಹಕ್ಕಿಯ ಮಾತು ಕೇಳಿಯೇ. ಊರಿನ ಭವಿಷ್ಯವನ್ನೆಲ್ಲ ಒಂದು ಪುಟ್ಟ ಗೂಬೆಯ ಬಾಯಲ್ಲಿ ಇಟ್ಟ ಜನರ ನಡುವೆ ಹಕ್ಕಿ ನೋಡಲು ಹೊರಟಿದ್ದೇವೆ ಎಂಬುದೇ ನನಗೆ ರೋಮಾಂಚನ!

ಮೊದಲು ನಿಂತದ್ದು ಕಡಗಂಚಿಯ ಬಳಿ. 2009ರಲ್ಲಿ ಶುರುವಾದ ಕರ್ನಾಟಕ ಕೇಂದ್ರೀಯ ವಿಶ್ವವಿದ್ಯಾಲಯ ಇರುವ ಊರೆಂದು ಈಗಿನವರಿಗೆ ಗೊತ್ತು. ದತ್ತಭಕ್ತರಿಗೆ ಇದು ಬೇರೆಯೇ ಊರು. ಮಹಾರಾಷ್ಟ್ರದ ಮನೆಮನೆಯಲ್ಲಿ ಪಾರಾಯಣವಾಗುವ ಗುರುಚರಿತ್ರೆಯನ್ನು ಬರೆದ ಸರಸ್ವತಿ ಗಂಗಾಧರರ ವಂಶದ ನೆಲೆ ಇದೇ ಕಡಗಂಚಿ. ಮರಾಠಿಯ ಒಂದು ಮಹಾಗ್ರಂಥದ ಬೇರು ಕನ್ನಡದ ಎರೆಹೊಲದಲ್ಲಿದೆ!

ನಾವು ನಿಂತದ್ದು ಮಾತ್ರ ಒಂದು ಲಾರ್ಕ್ ಹಕ್ಕಿಗಾಗಿ. ಕಡಲೆ ಹೊಲದ ಬದುವಿನ ಮೇಲೆ, ಹೆಂಟೆಯ ತುದಿಯಲ್ಲಿ ಕೂತಿತ್ತು ಅದು: ಗುಬ್ಬಿಯಷ್ಟೇ ಗಾತ್ರ, ಒಣಮಣ್ಣಿನ ಕೆಂಪುಕಂದು ಬಣ್ಣ, ಎದೆಗೆ ಸಣ್ಣ ಗೀರುಗಳು, ನೆತ್ತಿಯ ಮೇಲೆ ಚೂಪಾದ ಜುಟ್ಟು. ಮಾಸ್ತರರು ತುಟಿಗೆ ಬೆರಳಿಟ್ಟು "ಕಣ್ಣು ಮುಚ್ಚಿ ಕೇಳ್ರಿ" ಎಂದರು. ಮುಚ್ಚಿದೆವು. ಕಾಜಾಣ ಕೂಗಿತು. ಅದರ ಬೆನ್ನಿಗೇ ಟಿಟ್ಟಿಭ. ಆಮೇಲೆ ಪಿಕಳಾರ, ಗುಬ್ಬಿ, ಮತ್ತೆ ಕಾಜಾಣ, ನಡುವೆ ಶಿಕ್ರಾ ಗಿಡುಗದ ಚೀರು. ಇಷ್ಟು ಹಕ್ಕಿಗಳು ಯಾವಾಗ ಬಂದು ಕೂತವು ಎಂದು ಕಣ್ಣು ಬಿಟ್ಟರೆ ಹೊಲದಲ್ಲಿ ಇದ್ದದ್ದು ಆ ಹೆಂಟೆ, ಆ ಜುಟ್ಟಿನ ಹಕ್ಕಿ! ಅದರ ಗಂಟಲು ಉಬ್ಬಿಳಿಯುವುದು ಬರಿಗಣ್ಣಿಗೇ ಕಾಣುತ್ತಿತ್ತು. ಒಂದೇ ಕೊಕ್ಕಿನಿಂದ ಹೊಲದ ಹಕ್ಕಿಗಳೆಲ್ಲ ಒಂದೊಂದಾಗಿ ಹೊರಬರುತ್ತಿದ್ದವು. ಕಲಬುರಗಿಯಿಂದ ಬಂದಿದ್ದ ಕಾಲೇಜು ಹುಡುಗಿಯೊಬ್ಬಳು ಬಾಯಿಗೆ ಸೆರಗೊತ್ತಿ ನಗುತ್ತಲೇ ಇದ್ದಳು, ಕಣ್ಣಲ್ಲಿ ನೀರು.

ಇದು ಸೈಕ್ಸ್ ಲಾರ್ಕ್. ಭಾರತದ ನಡುಬಯಲು ಮತ್ತು ದಖನ್ ಬಿಟ್ಟರೆ ಜಗತ್ತಿನಲ್ಲಿ ಬೇರೆಲ್ಲೂ ಇದು ಇಲ್ಲ. ಕರ್ನಲ್ ವಿಲಿಯಂ ಹೆನ್ರಿ ಸೈಕ್ಸ್ ಎಂಬ ಅಧಿಕಾರಿ ದಖನ್ನಿನ ಹಕ್ಕಿಗಳ ಪಟ್ಟಿಯನ್ನು 1832ರಲ್ಲಿ ಪ್ರಕಟಿಸಿದಾಗ ವಿಜ್ಞಾನಕ್ಕೆ ಇದರ ಪರಿಚಯವಾಯಿತು. ಆಮೇಲೆ ನೂರು ವರ್ಷಕ್ಕೆ, 1930ರ ದಶಕದಲ್ಲಿ, ಸಲೀಂ ಅಲಿ ಹೈದರಾಬಾದ್ ಸಂಸ್ಥಾನದ ಪಕ್ಷಿ ಸಮೀಕ್ಷೆ ನಡೆಸಿದರು. ಆಗ ಗುಲಬರ್ಗಾ ಇದ್ದದ್ದು ನಿಜಾಮರ ಆ ಸಂಸ್ಥಾನದೊಳಗೇ. ಪಟ್ಟಿಗಳಿಗೆ ಈ ನೆಲ ಹೊಸದೇನಲ್ಲ. ನಮ್ಮ ಕಣ್ಣಿಗೆ ಮಾತ್ರ ಇನ್ನೂ ಹೊಸದು.

ಯಾಕೆ ಇಲ್ಲೇ? ಬಯಲ ಹಕ್ಕಿಗಳು ಇಷ್ಟೊಂದು ಯಾಕೆ ಇಲ್ಲಿ ಸೇರುತ್ತವೆ? ಮಾಸ್ತರರು ಬಗ್ಗಿ ಒಂದು ಹಿಡಿ ಮಣ್ಣು ಎತ್ತಿ ಹಿಂಡಿ ತೋರಿಸಿದರು. ಆರೂವರೆ ಕೋಟಿ ವರ್ಷಗಳ ಹಿಂದೆ ದಖನ್ ತುಂಬ ಉಕ್ಕಿ ಹರಿದ ಲಾವಾ ತಣ್ಣಗಾಗಿ, ಕಲ್ಲಾಗಿ, ಕೊಳೆತು ಆದ ಕರಿ ಎರೆಮಣ್ಣು. ಬೇಸಿಗೆಯಲ್ಲಿ ಮೊಣಕೈ ಹೋಗುವಷ್ಟು ಬಾಯಿಬಿಡುತ್ತದೆ, ಮಳೆ ಬಿದ್ದರೆ ಆ ಬಾಯಿಗಳಲ್ಲೇ ನೀರು ಕುಡಿದು ಮುಚ್ಚಿಕೊಳ್ಳುತ್ತದೆ. ಹಿಂಗಾರಿ ಜೋಳವನ್ನು ಸೆಪ್ಟೆಂಬರ್-ಅಕ್ಟೋಬರಿನಲ್ಲಿ ಬಿತ್ತಿದರೆ, ಅದು ಮಣ್ಣು ಒಡಲಲ್ಲಿಟ್ಟುಕೊಂಡ ಆ ತೇವವನ್ನೇ ಉಂಡು, ಇಬ್ಬನಿ ಕುಡಿದು, ಫೆಬ್ರುವರಿ-ಮಾರ್ಚಿಗೆ ಕಟಾವಿಗೆ ಬರುತ್ತದೆ. ಕಾಲುವೆ ಬೇಡ, ಪಂಪು ಬೇಡ. ಜೋಳ, ಕಡಲೆ, ಕುಸುಬೆ, ತೊಗರಿ, ನಡುನಡುವೆ ಬೀಳುಬಿಟ್ಟ ಗಾಯರಾಣ: ಮರವಿಲ್ಲದೆ, ಬೇಲಿಯಿಲ್ಲದೆ, ದೂರದವರೆಗೆ ಕಣ್ಣು ಹಾಯುವ ಇಂಥ ನೆಲವೇ ಹುಲ್ಲುಬಯಲಿನ ಹಕ್ಕಿಗಳಿಗೆ ಬೇಕು. ನಮ್ಮ ರೈತ ಶತಮಾನಗಳಿಂದ ಜೋಳ ಬಿತ್ತುತ್ತ, ತನಗೇ ಅರಿವಿಲ್ಲದೆ, ಏಷ್ಯಾದ ಬಯಲ ಹಕ್ಕಿಗಳಿಗೆ ಚಳಿಗಾಲದ ಬಿಡಾರ ಕಟ್ಟಿಕೊಟ್ಟಿದ್ದಾನೆ! 2019ರಲ್ಲಿ ಗುಲಬರ್ಗಾ ತೊಗರಿಬೇಳೆಗೆ ಭೌಗೋಳಿಕ ಸೂಚಕದ ಮಾನ್ಯತೆ ಸಿಕ್ಕಿತು. ಅದೇ ಮಣ್ಣು, ಅದೇ ಬಿಸಿಲು ಹಕ್ಕಿಗಳನ್ನೂ ಸಾಕುತ್ತಿರುವ ಸುದ್ದಿ ಮಾತ್ರ ಯಾವ ಚೀಲದ ಮೇಲೂ ಅಚ್ಚಾಗಿಲ್ಲ.

ಈ ಬಿಡಾರದ ಹಿರಿಯಣ್ಣ ಈಗ ಕಾಣೆ. ಎರ್ಲಡ್ಡು, ಹೆಬ್ಬಕ, ದೊರವಾಯನ ಹಕ್ಕಿ ಎಂದೆಲ್ಲ ಕರೆಸಿಕೊಂಡ ಸೊಂಟದೆತ್ತರದ ಹಕ್ಕಿ ಈ ಬಯಲುಗಳದೇ. ಗಡಿಯಾಚೆ ಸೊಲ್ಲಾಪುರದ ಪಕ್ಕ ನಾನಜ್‌ನಲ್ಲಿ ಅದಕ್ಕಾಗಿ 1979ರಲ್ಲಿ ಅಭಯಾರಣ್ಯ ಮಾಡಿದರು. ಇವತ್ತು ದೇಶದಲ್ಲೆಲ್ಲ ಸೇರಿಸಿದರೂ ಉಳಿದಿರುವುದು ಇನ್ನೂರಕ್ಕಿಂತ ಕಡಿಮೆ. ಅದರ ಹೆಸರು ಬಂದಾಗ ಮಾಸ್ತರರು ಕ್ಷಣ ಸುಮ್ಮನಾದರು, ಆಮೇಲೆ "ನಡ್ರಿ, ಹೊತ್ತಾಗ್ತದ" ಎಂದರು.

ಆಳಂದದಲ್ಲಿ ನಿಂತದ್ದು ಚಹಾ-ಸುಸಲಾದಷ್ಟೇ ಹೊತ್ತು. ಆದರೂ ಎಂಥ ಊರು ಇದು! ಕಲ್ಯಾಣ ಚಾಳುಕ್ಯರ ಕಾಲಕ್ಕೆ ಅಳಂದೆ ಸಾವಿರ ಎಂಬ ನಾಡಿನ ಮುಖ್ಯ ಪಟ್ಟಣ. ಅಬ್ಬಲೂರಿನಲ್ಲಿ ತಲೆಯನ್ನೇ ಪಣವಿಟ್ಟು ಶಿವನನ್ನು ಗೆಲ್ಲಿಸಿದ ಏಕಾಂತದ ರಾಮಯ್ಯ ಇದೇ ಊರಿನವನೆಂದು ಅಬ್ಬಲೂರ ಶಾಸನ ಹೇಳುತ್ತದೆ. ಊರಿನ ಇನ್ನೊಂದು ತುದಿಗೆ ಲಾಡ್ಲೆ ಮಶಾಯಿಕರ ದರ್ಗಾ. ಅದೇ ಆವರಣದಲ್ಲಿ ರಾಘವ ಚೈತನ್ಯರ ಹೆಸರಿನ ಶಿವಲಿಂಗ. ಗೋಡೆಯ ಪೊಟರೆಯಿಂದ ಗಿಳಿಯೊಂದು ತಲೆ ಹೊರಹಾಕಿ ನಮ್ಮನ್ನು ನೋಡಿ ಮತ್ತೆ ಒಳಗೆ ಸೇರಿತು.

ಕೊರಳ್ಳಿಯ ಬಳಿ ಅಮರ್ಜಾ ಜಲಾಶಯ. ಮೂರು ಕಡೆ ಬರಿ ಬಯಲು, ನಡುವೆ ನೀಲಿ ನೀರು, ಅದರ ತುಂಬ ಕಪ್ಪು ಚುಕ್ಕಿ. ಸ್ಪಾಟಿಂಗ್ ಸ್ಕೋಪಿಗೆ ಕಣ್ಣಿಟ್ಟೊಡನೆ ಚುಕ್ಕಿಗಳು ಸೂಜಿಬಾಲದ ಬಾತುಗಳಾದವು, ನಾಮಕೋಳಿಗಳಾದವು. ದಂಡೆಯ ಕೆಸರಲ್ಲಿ ಬಾಯ್ಕಳಕ ಕೊಕ್ಕರೆಗಳು ಬಸವನಹುಳು ಹೆಕ್ಕುತ್ತಿದ್ದವು. ಕೆಂಪು ಕಡ್ಡಿಕಾಲಿನ ಮೆಟ್ಟುಗಾಲು ಹಕ್ಕಿಗಳು ಸಾಲಾಗಿ ನಿಂತು ಒಂದೇ ಸಮನೆ ತಲೆ ಬಗ್ಗಿಸುತ್ತಿದ್ದವು. ಅಷ್ಟರಲ್ಲಿ ಸ್ಕೋಪು ಹಿಡಿದಿದ್ದವರು "ಇಲ್ಲಿ ಬರ್ರಿ, ಲಗೂ ಬರ್ರಿ" ಎಂದು ಕೂಗಿದರು. ಆಚೆ ದಡದಲ್ಲಿ ಕಿತ್ತಳೆಗಂದು ಮೈ, ತೆಳುಬಿಳಿ ತಲೆಯ ಎರಡು ದೊಡ್ಡ ಹಕ್ಕಿಗಳು ಅಕ್ಕಪಕ್ಕ ನಿಂತಿದ್ದವು.

ಚಕ್ರವಾಕ! ಹಳಗನ್ನಡದ ಕವಿಗಳು ಸಂಜೆಯ ವರ್ಣನೆ ಬಂದಾಗಲೆಲ್ಲ ನೆನೆಯುವ, ಇರುಳಾದೊಡನೆ ಅಗಲಿ ನದಿಯ ಎರಡು ದಡಗಳಲ್ಲಿ ಕೂತು ಒಂದನ್ನೊಂದು ಕರೆಯುವ ಜೋಡಿ. ಓದಿನಲ್ಲಷ್ಟೇ ಇದೆ, ಕವಿಸಮಯವಿರಬೇಕು ಎಂದು ಬದುಕೆಲ್ಲ ನಂಬಿದ್ದ ಹಕ್ಕಿ ಕಣ್ಣೆದುರೇ ಕೊಕ್ಕಿನಿಂದ ರೆಕ್ಕೆ ಸವರಿಕೊಳ್ಳುತ್ತಿತ್ತು! ಲಡಾಖ್, ಟಿಬೆಟ್‌ಗಳ ನಾಲ್ಕು ಸಾವಿರ ಮೀಟರ್ ಎತ್ತರದ ಸರೋವರಗಳ ದಡದಲ್ಲಿ ಇವು ಮರಿಮಾಡುತ್ತವೆ. ಚಳಿಗೆ ಅಲ್ಲಿನ ನೀರು ಕಲ್ಲಾದಾಗ ಹಿಮಾಲಯ ದಾಟಿ ಕೆಳಗಿಳಿಯುತ್ತವೆ. ಇವು ಮಾತ್ರವೇ ಏನು? ಇನ್ನಷ್ಟು ದಕ್ಷಿಣಕ್ಕೆ, ಸುರಪುರದ ಬೋನಾಳ ಕೆರೆಗೆ ಪಟ್ಟೆತಲೆಯ ಹೆಬ್ಬಾತುಗಳೂ ಹಿಮಾಲಯವನ್ನು ಹಾರಿಯೇ ಬರುತ್ತವೆ. ಆ ಶಿಖರಗಳನ್ನು ಕೆಳಗೆ ನೋಡಿ ಬಂದ ಕಣ್ಣುಗಳು ಈಗ ಆಳಂದ ತಾಲೂಕಿನ ಕೆಸರಲ್ಲಿ ಹುಳ ಹುಡುಕುತ್ತಿವೆ. ಇದಕ್ಕೆ ಬೆರಗಾಗದೆ ಇನ್ನಾವುದಕ್ಕೆ ಬೆರಗಾಗಬೇಕು?

ಅಲ್ಲಿಂದ ಅಮರ್ಜಾ ತೆಳುವಾಗಿ, ಬಾರಿಬಾರಿಗೆ ಮಾಯವಾಗುತ್ತ ಅಫಜಲಪುರದ ಕಡೆ ಇಳಿಯುತ್ತದೆ. ನಾವೂ ಇಳಿದೆವು. ಕರೆಂಟಿನ ತಂತಿಯ ಮೇಲೆ ನೀಲಕಂಠ, ಮತ್ತೊಂದು ನೀಲಕಂಠ, ಮುಂದಿನ ಕಂಬಕ್ಕೆ ಇನ್ನೊಂದು. ರಾಜ್ಯದ ಹಕ್ಕಿಯನ್ನು ಇಷ್ಟು ಧಾರಾಳವಾಗಿ ನಾನೆಲ್ಲೂ ಕಂಡಿರಲಿಲ್ಲ. ಕೂತಾಗ ಮಾಸಲು ಕಂದು, ಹಾರಲು ರೆಕ್ಕೆ ಬಿಚ್ಚಿದರೆ ಆಕಾಶದ ಎರಡು ಬಗೆಯ ನೀಲಿ ಒಟ್ಟಿಗೇ ಸಿಡಿಯುತ್ತದೆ.

ಮಧ್ಯಾಹ್ನಕ್ಕೆ ದೇವಲ ಗಾಣಗಾಪುರ. ಅಮರ್ಜಾ ಇಲ್ಲಿ ಭೀಮೆಗೆ ಸೇರುತ್ತದೆ. ದೇವತೆಗಳ ಅಮೃತ ನೆಲಕ್ಕೆ ಚೆಲ್ಲಿ ಹರಿದದ್ದೇ ಅಮರ್ಜಾ ಎನ್ನುತ್ತದೆ ಸ್ಥಳಪುರಾಣ. ಬೇಸಿಗೆಯಲ್ಲಿ ಈ ನಾಡು ನೋಡಿದವರಿಗೆ ಆ ಕಥೆ ಹುಟ್ಟಿದ್ದು ಯಾಕೆಂದು ಹೇಳಬೇಕಾಗಿಲ್ಲ. ದತ್ತಾತ್ರೇಯನ ಅವತಾರವೆಂದು ಭಕ್ತರು ನಂಬುವ ನರಸಿಂಹ ಸರಸ್ವತಿಗಳು 15ನೇ ಶತಮಾನದಲ್ಲಿ ಬಹುಕಾಲ ಇಲ್ಲಿ ನೆಲೆಸಿದ್ದರು. ಮಠದಲ್ಲಿರುವುದು ಅವರ ನಿರ್ಗುಣ ಪಾದುಕೆ. ನಡುಹಗಲಲ್ಲಿ ಗುರುಗಳು ಯಾವ ರೂಪದಲ್ಲಾದರೂ ಭಿಕ್ಷೆಗೆ ಬರುತ್ತಾರೆಂಬ ನಂಬಿಕೆಯಿಂದ ಇಲ್ಲಿ ಮಧುಕರಿ ನಡೆಯುತ್ತದೆ: ಕಾರಿನಲ್ಲಿ ಬಂದ ಸಿರಿವಂತರೂ ಜೋಳಿಗೆ ಹಿಡಿದು ಐದು ಮನೆಗಳ ಮುಂದೆ ನಿಲ್ಲುತ್ತಾರೆ, ಹಾಗೆಯೇ ಬಂದವರಿಗೆಲ್ಲ ನೀಡುತ್ತಾರೆ. ಬೇಡುವವನು ಯಾರೋ ಗೊತ್ತಿಲ್ಲ, ಆದ್ದರಿಂದ ಯಾರನ್ನೂ ಬರಿಗೈಲಿ ಕಳಿಸುವಂತಿಲ್ಲ.

ಸಂಗಮದ ಔದುಂಬರದ ಕೆಳಗೆ ಪಾರಾಯಣಕ್ಕೆ ಕೂತವರು ನೆಲ ನೋಡುತ್ತಿದ್ದರು. ನಾವು ಮೇಲೆ ನೋಡುತ್ತಿದ್ದೆವು. ಅತ್ತಿ ಹಣ್ಣು ಕಾಂಡಕ್ಕೇ ಅಂಟಿ ಗೊಂಚಲುಗಟ್ಟುತ್ತದೆಯಲ್ಲ, ಆ ಗೊಂಚಲುಗಳ ಮೇಲೆ ಕುಟ್ರುಹಕ್ಕಿ, ಕೋಗಿಲೆ, ಮೈನಾ, ಪಿಕಳಾರಗಳ ನೂಕುನುಗ್ಗಲು! ಕೆಂಪು ಹಣೆಯ ಚಿಟ್ಟುಕುಟುರ ಹಣ್ಣೊಂದನ್ನು ಕುಕ್ಕಿ ಅರ್ಧ ತಿಂದು ಬೀಳಿಸಿತು. ಅದು ಪಾರಾಯಣದ ಅಜ್ಜಿಯ ತೆರೆದ ಪುಸ್ತಕದ ಮೇಲೇ ಬಿತ್ತು. ಆಕೆ ಓದು ನಿಲ್ಲಿಸದೆ ಹಣ್ಣು ಎತ್ತಿ ಕಣ್ಣಿಗೊತ್ತಿಕೊಂಡು ಪಕ್ಕಕ್ಕಿಟ್ಟುಕೊಂಡರು. ಪ್ರಸಾದ.

ನಮ್ಮ ಊಟ ಊರ ಹೊರಗಿನ ಒಂದು ಹೊಲದ ಬನ್ನಿಮರದ ಕೆಳಗೆ. ಎಳ್ಳು ಮೆತ್ತಿದ ಸಜ್ಜಿ ರೊಟ್ಟಿ, ಎಣ್ಣಿಗಾಯಿ, ಶೇಂಗಾ ಹಿಂಡಿ, ಮೊಸರು. ಅದಕ್ಕೂ ಮೊದಲು ಕುಳ್ಳಿನ ಕೆಂಡದಲ್ಲಿ ಸುಟ್ಟು, ಅಂಗೈಯಲ್ಲಿ ತಿಕ್ಕಿ ತೂರಿದ ಸೀತನಿ. ಹಸಿಜೋಳದ ಆ ಸಿಹಿ ನಾಲಿಗೆಗೆ ತಾಕಿದಾಗಲೇ ಕಬ್ಬಕ್ಕಿಗಳು ಕಝಾಕಿಸ್ತಾನದಿಂದ ಇಲ್ಲಿಗೆ ಬರುವುದರಲ್ಲಿ ಅತಿಶಯವೇನಿಲ್ಲ ಅನಿಸಿದ್ದು. ಎಳ್ಳಮಾವಾಸ್ಯೆಯ ದಿನ ಇದೇ ಹೊಲದಲ್ಲಿ ಮನೆಮಂದಿಯೆಲ್ಲ ಸೇರಿ ಭಜ್ಜಿ-ಕಡುಬು ಎಡೆಯಿಟ್ಟು, ಬೆಳೆಯ ಸುತ್ತ ಚರಗ ಚೆಲ್ಲಿದ್ದರಂತೆ. ಭೂತಾಯಿಗೆಂದು ಚೆಲ್ಲಿದ ಆ ಅನ್ನವನ್ನು ತಾಯಿಯ ಪರವಾಗಿ ಉಣ್ಣುವವರು ಹಕ್ಕಿಗಳೇ ತಾನೆ.

ಊಟ ಮುಗಿಸಿ ಭೀಮೆಗೆ ಇಳಿದೆವು. ಪುಣೆ ಜಿಲ್ಲೆಯ ಭೀಮಾಶಂಕರದಲ್ಲಿ ಹುಟ್ಟಿ, ಉಜನಿ ಅಣೆಕಟ್ಟು ದಾಟಿ, ಪಂಢರಪುರದಲ್ಲಿ ಚಂದ್ರಭಾಗೆಯೆಂದು ವಿಠ್ಠಲನ ಕಾಲು ತೊಳೆದು ಇಲ್ಲಿಗೆ ಬರುವ ನದಿ. ಕೃಷ್ಣೆಯನ್ನು ಸೇರುವ ಹೊತ್ತಿಗೆ 861 ಕಿಲೋಮೀಟರ್ ನಡೆದಿರುತ್ತದೆ. ಜನವರಿಯ ಭೀಮೆ ಸೌಮ್ಯ. 2020ರ ಅಕ್ಟೋಬರಿನಲ್ಲಿ ಸೊನ್ನ ಬ್ಯಾರೇಜಿನಿಂದ ಹೊರಬಿದ್ದ ನೀರು ಅಫಜಲಪುರ, ಜೇವರ್ಗಿ ತಾಲೂಕುಗಳ ದಂಡೆಯ ಊರುಗಳಿಗೆ ನುಗ್ಗಿದ್ದು ಇದೇ ನದಿಯೇ ಎಂದು ನಂಬಲಾಗದಷ್ಟು ಸೌಮ್ಯ. ಮರಳಿನ ತಿಟ್ಟಿನ ಮೇಲೆ ನದಿ ರೀವಗಳು ಕೂತಿದ್ದವು. ಹಳದಿ ಕೊಕ್ಕು, ಕಪ್ಪು ಟೋಪಿ, ಕತ್ತರಿಬಾಲ. ಒಂದು ಎದ್ದು ನೀರಿನ ಮೇಲೆ ತೇಲಿ, ತಟ್ಟನೆ ತಲೆಕೆಳಗಾಗಿ ಬಿದ್ದು, ಬೆಳ್ಳಿಮೀನು ಕಚ್ಚಿಕೊಂಡೇ ಮೇಲೆ ಬಂತು.

ಇನ್ನೊಂದೆರಡು ತಿಂಗಳಿಗೆ ಇವು ಗೂಡುಕಟ್ಟುವ ಕಾಲ. ಗೂಡೆಂದರೆ ಮರಳಲ್ಲೊಂದು ಕುಳಿ, ಅಷ್ಟೇ. ಮೊಟ್ಟೆಯ ಬಣ್ಣವೂ ಮರಳಿನದೇ, ಕಾಲಿಟ್ಟರೂ ಗೊತ್ತಾಗದು. ಹೀಗಾಗಿ ಮರಳು ತುಂಬಿಕೊಂಡು ಹೋಗುವ ಟ್ರ್ಯಾಕ್ಟರ್ ಬರಿ ಮರಳನ್ನು ಒಯ್ಯುವುದಿಲ್ಲ, ಒಂದು ಋತುವಿನ ಮರಿಗಳನ್ನೇ ಒಯ್ಯುತ್ತದೆ. ದಂಡೆಯಲ್ಲಿ ಚಕ್ರದ ಹೊಸ ಗುರುತುಗಳಿದ್ದವು. ಜಗತ್ತಿನ ಅಪಾಯದಂಚಿನ ಪಟ್ಟಿಯಲ್ಲಿರುವ ಹಕ್ಕಿ ಇದು. ಭೀಮೆಯ ಮರಳು ಉಳಿದರೆ ಇದೂ ಉಳಿಯುತ್ತದೆ. ಇದನ್ನು ಹೇಳುವಾಗ ಮಾಸ್ತರರ ದನಿ ನಡುಗಿತು, ನನಗೂ ಗಂಟಲು ಕಟ್ಟಿತು.

ಕಲಬುರಗಿ-ಜೇವರ್ಗಿ ಹೆದ್ದಾರಿಗೆ ಬಂದು ಕಟ್ಟಿಸಂಗಾವಿ ಸೇತುವೆ ದಾಟುವ ಮುನ್ನ ಎಡದಂಡೆಯಲ್ಲಿ ಫಿರೋಜಾಬಾದ್. ಬಹಮನಿ ಸುಲ್ತಾನ ಫಿರೋಜ್ ಶಾಹ 1400ರ ಸುಮಾರಿಗೆ ಭೀಮೆಯ ತಿರುವನ್ನೇ ಪಶ್ಚಿಮದ ಕಾವಲು ಮಾಡಿಕೊಂಡು ಕಟ್ಟಿದ ಅರಮನೆ ನಗರ! ಕೋಟೆಬಾಗಿಲು, ದೈತ್ಯ ಗಾತ್ರದ ಜಾಮಿ ಮಸೀದಿ, ಹಮಾಮುಗಳು ನಿಂತಿವೆ; ಒಳಗೆಲ್ಲ ಹೊಲ. ದರ್ಬಾರಿನ ಜಾಗದಲ್ಲಿ ತೊಗರಿ. ಕಮಾನಿನ ನೆರಳಲ್ಲಿ ತಂತಿಬಾಲದ ಕವಲುತೋಕೆ ಒಂದೇ ಸಮನೆ ಒಳಗೂ ಹೊರಗೂ ಹಾಯುತ್ತಿತ್ತು. ಇಂಥ ನಗರವೊಂದು ಹೆದ್ದಾರಿಯಿಂದ ಕೂಗಳತೆಯಲ್ಲಿದ್ದೂ ಬಸ್ಸುಗಳು ನಿಲ್ಲದೆ ಹೋಗುತ್ತವಲ್ಲ!

ನದಿಯಾಚೆ ಜೇವರ್ಗಿಯಲ್ಲಿ ಇನ್ನೂ ಹಳೆಯದು ಕಾದಿತ್ತು. ನಿಜಾಮರ ಸೇವೆಯಲ್ಲಿದ್ದು ಸುರಪುರ ಸಂಸ್ಥಾನವನ್ನು ನೋಡಿಕೊಳ್ಳುತ್ತಿದ್ದ ಮೆಡೋಸ್ ಟೇಲರ್, ಠಗ್ಗರ ಕಾದಂಬರಿ ಬರೆದ ಅದೇ ಟೇಲರ್, ಇಲ್ಲಿನ ಕಲ್ಲುವೃತ್ತಗಳನ್ನು ಅಗೆಸಿ, ಪದರಪದರವಾಗಿ ಚಿತ್ರ ಬರೆಸಿ, 1851ರಲ್ಲಿ ವರದಿ ಪ್ರಕಟಿಸಿದ. ಕಬ್ಬಿಣ ಬಳಸುತ್ತಿದ್ದ ಬೃಹತ್ ಶಿಲಾಯುಗದ ಜನರ ಸಮಾಧಿಗಳು: ಒಳಗೆ ಎಲುಬು, ಮಡಕೆ. ಭಾರತದಲ್ಲಿ ಇಂಥ ಗೋರಿಗಳನ್ನು ಶಾಸ್ತ್ರೀಯವಾಗಿ ಅಗೆದು ಬರೆದಿಟ್ಟ ಮೊದಲ ಕೆಲಸಗಳಲ್ಲೊಂದು ನಡೆದದ್ದು ಜೇವರ್ಗಿಯ ಹೊಲದಲ್ಲಿ. ಆ ಜನರ ನೆತ್ತಿಯ ಮೇಲೂ ಇವೇ ಹಕ್ಕಿಗಳು ಇದೇ ದಾರಿಯಲ್ಲಿ ಹಾರಿರಬೇಕು ಎಂದುಕೊಂಡರೆ ಮೈ ಜುಂ ಎನ್ನುತ್ತದೆ.

ಇದೇ ಜೇವರ್ಗಿ ಅಖಂಡೇಶ್ವರ ಅಂಕಿತದ ವಚನಕಾರ ಷಣ್ಮುಖಸ್ವಾಮಿಗಳದು. ಹಳೇ ಜೇವರ್ಗಿ ತಾಲೂಕಿನದೇ ಕಡಕೋಳ, ತತ್ವಪದಗಳ ಮಡಿವಾಳಪ್ಪನವರದು. ಅವರ ಶಿಷ್ಯರ ಸಾಲಿನಲ್ಲಿ ತೆಲಗಬಾಳದ ರೇವಪ್ಪನಿದ್ದಾನೆ, ಚೆನ್ನೂರಿನ ಜಲಾಲಸಾಹೇಬನೂ ಇದ್ದಾನೆ. ಏಕತಾರಿ ಹಿಡಿದು ಕೂತರೆ ರಾತ್ರಿಯೆಲ್ಲ ಹಾಡುವ ಭಜನಾಮೇಳಗಳು ಈಗಲೂ ಹಳ್ಳಿಹಳ್ಳಿಯಲ್ಲಿವೆ. ಅದಕ್ಕೇ ಒಂದು ರಾತ್ರಿ ಬೇಕು, ಅದು ಬೇರೆ ಲೇಖನ.

ಹೊತ್ತು ಇಳಿಯುವಾಗ ಗಾಡಿ ಅರಳಗುಂಡಗಿಯ ಕಡೆ ತಿರುಗಿತು. 1746ರಲ್ಲಿ ಶರಣಬಸಪ್ಪ ಹುಟ್ಟಿದ ಊರು. ಕಲಬುರಗಿಯ ಮಹಾದಾಸೋಹಿ ಶರಣಬಸವೇಶ್ವರನೆಂದು ಗುಡಿ, ತೇರು, ಜಾತ್ರೆಗಳಾಗುವ ಮೊದಲು ಅವರು ಈ ಎರೆಯ ಒಬ್ಬ ಒಕ್ಕಲಿಗ. ಜನ ಹೇಳುವ ಕಥೆ ಕೇಳಿ: ಎಲ್ಲರ ಹೊಲದಲ್ಲಿ ಮಂಚಿಕೆಯ ಮೇಲೆ ನಿಂತು ಕವಣೆ ಬೀಸಿ ಹಕ್ಕಿ ಓಡಿಸುವಾಗ, ಶರಣಬಸಪ್ಪ ತನ್ನ ಹೊಲಕ್ಕೆ ಹಕ್ಕಿಗಳನ್ನು ಕರೆಯುತ್ತಿದ್ದರಂತೆ. ಉಣ್ಣಿರೆಂದು ತೆನೆ ಬಿಟ್ಟು, ಕುಡಿಯಿರೆಂದು ನೀರಿಟ್ಟು ಕಾಯುತ್ತಿದ್ದರಂತೆ. ಸುತ್ತಲ ಹೊಲದವರು ಕೈಕೈ ಹಿಸುಕಿಕೊಂಡರು. ಸುಗ್ಗಿಯಲ್ಲಿ ಕಣಕ್ಕೆ ರಾಶಿ ಹಾಕಿದಾಗ ಎಲ್ಲರಿಗಿಂತ ದೊಡ್ಡದು ಶರಣಬಸಪ್ಪನ ರಾಶಿ!

ಬೆಳಗಿನಿಂದ ಕಂಡದ್ದೆಲ್ಲ ಈ ಕಥೆಯೊಳಗೆ ಬಂದು ಕೂತಿತು ನನಗೆ. ದಾಸೋಹವೆಂದರೆ ಜಂಗಮರಿಗೆ, ಹಸಿದವರಿಗೆ ಎಂದಷ್ಟೇ ಓದಿಕೊಂಡಿದ್ದೆ. ಈ ನಾಡಿನ ಪಂಕ್ತಿಯಲ್ಲಿ ಮೊದಲಿನಿಂದಲೂ ಹಕ್ಕಿಗೊಂದು ಎಲೆ ಇತ್ತು! ಗಾಣಗಾಪುರದ ಮಧುಕರಿಯಲ್ಲಿ, ಎಳ್ಳಮಾವಾಸ್ಯೆಯ ಚರಗದಲ್ಲಿ, ಅರಳಗುಂಡಗಿಯ ಈ ಜೋಳದಲ್ಲಿ, ಎಲ್ಲೆಲ್ಲೂ.

ಮಾಸ್ತರರು ಗಾಡಿ ನಿಲ್ಲಿಸಿದ್ದು ಗಾಯರಾಣದ ಬದಿಗೆ, ಮೊಣಕಾಲೆತ್ತರದ ಒಣಹುಲ್ಲಿನ ಬೀಳಿನಲ್ಲಿ. ಪಕ್ಕದ ಜೋಳದ ಹೊಲದಲ್ಲಿ ಡಬ್ಬಿ ಬಡಿದು ಹಕ್ಕಿ ಕಾಯುತ್ತಿದ್ದ ರೈತರೊಬ್ಬರು ಕುತೂಹಲದಿಂದ ಹತ್ತಿರ ಬಂದರು. ಪಶ್ಚಿಮ ಕೆಂಪಾಗುತ್ತಿದ್ದಂತೆ ಮೊದಲನೆಯದು ಬಂತು. ನೆಲಕ್ಕೆ ಸವರುವಷ್ಟು ಕೆಳಗೆ, ರೆಕ್ಕೆಯನ್ನು ಸ್ವಲ್ಪ ಮೇಲೆತ್ತಿ ಹಿಡಿದು, ತೂಗಾಡುತ್ತ ಬಂದ ತಿಳಿಬೂದಿ ಬಣ್ಣದ ಗಂಡು ಸೆಳೆವ. ಹೊಟ್ಟೆ ಬಿಳಿ, ರೆಕ್ಕೆಯ ತುದಿಗಷ್ಟೇ ಕಪ್ಪು ಬೆಣೆ. ಅದರ ಹಿಂದೆ ಕಂದುಬಣ್ಣದ ಹೆಣ್ಣು. ಬಡಗಣಿಂದ ಎರಡು, ತೆಂಕಣಿಂದ ಮೂರು. ಬಿಳಿ ಸೆಳೆವ, ಮಾಂಟೆಗು ಸೆಳೆವ, ಎರಡೂ ಜಾತಿ. ರಷ್ಯ, ಕಝಾಕಿಸ್ತಾನಗಳ ಸ್ಟೆಪ್ಪಿಯಲ್ಲಿ ಗೂಡುಕಟ್ಟಿ ಬಂದ ಬೇಟೆಹಕ್ಕಿಗಳು ಹಗಲೆಲ್ಲ ಹೊಲಗಳ ಮೇಲೆ ಒಂಟಿಯಾಗಿ ಅಲೆದು, ಇರುಳಿಗೆ ನೆಲದ ಹುಲ್ಲಿನಲ್ಲಿ ಒಟ್ಟಾಗಿ ಮಲಗುತ್ತವೆ. ಗುಜರಾತಿನ ವೇಳಾವದರ್‌ನಲ್ಲಿ ಹೀಗೆ ಸಾವಿರಗಟ್ಟಲೆ ಇಳಿಯುತ್ತಿದ್ದದ್ದನ್ನು ನೋಡಲು ಪ್ರಪಂಚವೇ ಹೋಗುತ್ತಿತ್ತು. ಇಲ್ಲಿ ಎಣಿಕೆ ಹತ್ತೊಂಬತ್ತಕ್ಕೆ ನಿಂತಿತು. ಹತ್ತೊಂಬತ್ತೇ! ಆದರೆ ಒಂದೊಂದೂ ಹುಲ್ಲಿನ ಮೇಲೆ ಸುತ್ತುಹಾಕಿ, ಇಳಿದಂತೆ ಮಾಡಿ ಮತ್ತೆ ಎದ್ದು, ಕೊನೆಗೆ ರೆಕ್ಕೆ ಮೇಲೆತ್ತಿ ಹುಲ್ಲೊಳಗೆ ಮುಳುಗುವುದನ್ನು ನೋಡುತ್ತ ನಾನು ಉಸಿರಾಡುವುದನ್ನೇ ಮರೆತಿದ್ದೆ.

"ಇವು ಜ್ವಾಳ ಮುಟ್ಟಂಗಿಲ್ರಿ. ಮಿಡತಿ ಹಿಡೀತಾವ, ಇಲಿ ಹಿಡೀತಾವ" ಎಂದರು ರೈತರು. ಗೊತ್ತಿತ್ತು ಅವರಿಗೆ. ಎಲ್ಲಿಂದ ಬರುತ್ತವೆ ಎಂಬುದು ಮಾತ್ರ ಗೊತ್ತಿರಲಿಲ್ಲ. ಮಾಸ್ತರರು ಹೇಳಿದರು. ದಿಲ್ಲಿ ದಾಟಿ, ಪಾಕಿಸ್ತಾನ ದಾಟಿ, ಅಫ್ಘಾನಿಸ್ತಾನ ದಾಟಿ, ಅದರಾಚೆ.

"ಅಲ್ಲಿ ಹೊಲ ಇಲ್ಲೇನ್ರಿ?"

"ಅದಾವ. ಈಗ ಎಲ್ಲಾ ಬರ್ಫದ ಕೆಳಗ."

ರೈತರು ಹುಲ್ಲಿನ ಕಡೆ ನೋಡಿದರು, ತಮ್ಮ ಜೋಳದ ಕಡೆ ನೋಡಿದರು. ಆಮೇಲೆ ಕೇಳಿದರು: "ಮುಂಜಾನಿ ಎಷ್ಟಕ್ಕ ಏಳ್ತಾವ್ರಿ ಇವು? ನಮ್ಮ ಹುಡುಗ್ರಿಗಿ ತೋರಿಸ್ಬೇಕು."

ಮಾಸ್ತರರು ಕುಕ್ಕರಗಾಲಲ್ಲಿ ಕೂತು, ಜೋಳದ ದಂಟಿನಿಂದ ಎರೆಯ ಮೇಲೆ ಗೆರೆ ಎಳೆದರು. ಇದು ಬದು, ಇದು ಹುಲ್ಲು, ಸೂರ್ಯ ಹುಟ್ಟೋದು ಈ ಕಡಿ. "ಆರಕ್ಕಿಂತ ಮೊದಲ ಬರ್ರಿ. ಬದುವಿನ ಈಚಿಗೇ ಕೂಡ್ರಿ, ಹುಲ್ಲಿನಾಗ ಕಾಲಿಡಬ್ಯಾಡ್ರಿ. ನಾಯಿ ಮನ್ಯಾಗ ಕಟ್ಟಿ ಬರ್ರಿ. ಮತ್ತ ಹುಡುಗ್ರಿಗಿ ಕೆಂಪಂಗಿ ತೊಡಸಬ್ಯಾಡ್ರಿ."